ಕೊಟ್ಟಿಗೆಹಾರದ ಭಾನುವಾರಗಳು

ಮೂಡಿಗೆರೆಯಲ್ಲಿ ಮದುವೆಯ ವಿಡಿಯೋ ತೆಗೆಯುವ ಹೆಂಗಸೆಂದರೆ ಸುಭದ್ರಾ ಒಬ್ಬಳೇ. ಗಂಡ ವಿಷ್ಣುಮೂರ್ತಿ ಶಾಲೆಯ ಮೇಷ್ಟ್ರು. ಕ್ಯಾಮೆರಾದ ಹುಚ್ಚು ಅವಳದು.

1999ರಲ್ಲಿ ವಸ್ತಾರೆಯ ಒಂದು ಮದುವೆಯಲ್ಲಿ ತಾಳಿ ಕಟ್ಟುವಾಗ ಪುರೋಹಿತರ ತಲೆ ಅಡ್ಡ ಬಂತು. "ಇನ್ನೊಂದ್ಸಲ ಕಟ್ಟಿದ ಹಾಗೆ ಮಾಡಿ," ಎಂದಳು ಸುಭದ್ರಾ. ಮದುಮಗಳ ಅಜ್ಜಿ ತಣ್ಣಗೆ ಕೇಳಿದರು: "ನಿನ್ನ ಪೆಟ್ಟಿಗೆ ಸಲುವಾಗಿ ನಮ್ಮ ಹುಡುಗಿಗೆ ಎರಡು ಮದುವೆ ಮಾಡ್ಬೇಕಾ?"

ಚಪ್ಪರವೇ ನಕ್ಕಿತು. ಸುಭದ್ರಾಳೂ ನಕ್ಕಳು. ಆದರೆ ಮಾತು ಒಳಗೆ ನಾಟಿತ್ತು. ಯಾರಿಗೂ ಏನೂ ಹೇಳದೆ, ನಡೆದದ್ದನ್ನು ನಡೆದ ಹಾಗೇ ತೆಗೆದರೆ ಹೇಗಿರುತ್ತದೆ?

ಮುಂದಿನ ಭಾನುವಾರವೇ ಕೊಟ್ಟಿಗೆಹಾರಕ್ಕೆ ಹೋಗಿ, ಬಸ್ಸು ನಿಲ್ಲುವಲ್ಲಿದ್ದ ತಂಗಮ್ಮನ ಹೋಟೆಲಿನ ಮೂಲೆಯಲ್ಲಿ ಕ್ಯಾಮೆರಾ ಹಿಡಿದು ಕೂತಳು. ಆ ದಿನ ಬೇಕಾದಂಥದ್ದು ಒಂದೂ ದಕ್ಕಲಿಲ್ಲ. ತಂಗಮ್ಮ ರೇಷ್ಮೆ ಸೀರೆಯುಟ್ಟು ನೀರುದೋಸೆ ಹುಯ್ದರು. ಗಿರಾಕಿಗಳು ಗ್ರೂಪ್ ಫೋಟೋಕ್ಕೆ ನಿಂತವರ ಹಾಗೆ ಬೆನ್ನು ನೆಟ್ಟಗೆ ಮಾಡಿ ಕಾಫಿ ಕುಡಿದರು.

ಅವಳು ಬಿಡಲಿಲ್ಲ. ನಾಲ್ಕನೆಯ ವಾರ ತಂಗಮ್ಮ ಹಳೇ ಸೀರೆಗೆ ಇಳಿದರು. ಏಳನೆಯ ವಾರ, "ಸುಮ್ನೆ ಕೂತಿದೀಯಲ್ಲ ಮಾರಾಯ್ತಿ, ಈ ಕಾಯಿ ತುರಿ," ಎಂದು ತುರಿಮಣೆ ಮುಂದಿಟ್ಟರು. ಇನ್ನು ತಾನು ಯಾರ ಕಣ್ಣಿಗೂ ಬೀಳುವುದಿಲ್ಲವೆಂದು ಸುಭದ್ರಾಳಿಗೆ ಹಿಗ್ಗೋ ಹಿಗ್ಗು. ಕಾಯಿಯನ್ನೂ ತುರಿದಳು.

ಹತ್ತನೆಯ ವಾರ ಕಾಫಿ ಎಸ್ಟೇಟಿನ ಲೆಕ್ಕ ಬರೆಯುವ ರೈಟರ್ ಲಕ್ಕಯ್ಯ ಬಾಗಿಲಿಗೆ ಬೆನ್ನು ಹಾಕಿ, ಪೇಪರನ್ನು ಅಗಲಕ್ಕೆ ಬಿಡಿಸಿ ಎಲ್ಲರಿಗೂ ಓದಿ ಹೇಳುತ್ತಿದ್ದರು. ಹಿಂದಿನಿಂದ ಒಂದು ಕೆಂದ ಹಸು ಅವರ ಭುಜದ ಮೇಲಿಂದ ಕತ್ತು ಚಾಚಿ ಪೇಪರಿನ ಬಲತುದಿಯನ್ನು ಮೆಲ್ಲತೊಡಗಿತು. ಲಕ್ಕಯ್ಯ ಎಡಗಡೆಯಿಂದ ಓದುತ್ತಲೇ ಬಂದರು. ಹಸುವೂ ಬಂತು. ಕರೆದು ಹೇಳಬೇಕೆಂದು ಸುಭದ್ರಾಳ ನಾಲಿಗೆ ತುರಿಸಿತು. ಸೆರಗು ಕಚ್ಚಿ ಹಿಡಿದಳು. ಹೊಟ್ಟೆ ಕುಲುಕಿದರೂ ಕೈ ಅಲುಗಲಿಲ್ಲ. ಕೊನೆಗೆ ಹಸುವಿನ ಮೂಗು ಕೆನ್ನೆಗೆ ತಗುಲಿದಾಗ ಲಕ್ಕಯ್ಯ ಕನ್ನಡಕ ತೆಗೆದು ಗಂಭೀರವಾಗಿ ಹೇಳಿದರು: "ಉಳಿದ ಸುದ್ದಿ ಇದ್ರ ಹೊಟ್ಟೇಲಿದೆ."

ತಿಂಗಳ ಮೇಲೆ ಒಂದು ಮಧ್ಯಾಹ್ನ ಹೋಟೆಲಿನ ಟೀವಿಯಲ್ಲೇ ಕ್ಯಾಸೆಟ್ ಹಾಕಿದರು. ಹಸು ಬಂದದ್ದೇ ನಗುವಿನ ಅಬ್ಬರಕ್ಕೆ ಮಂಗಳೂರು ಬಸ್ಸಿನವರೆಲ್ಲ ಇಳಿದು ಬಂದರು. ಅವರನ್ನು ಕರೆಯಲು ಬಂದ ಡ್ರೈವರ್ ಶೇಷಪ್ಪನೂ ಬೆಂಚು ಹಿಡಿದು ಕೂತ. ಲಕ್ಕಯ್ಯನಿಗೆ ನಕ್ಕೂ ನಕ್ಕೂ ಬಿಕ್ಕಳಿಕೆ ಹಿಡಿಯಿತು.

ತಂಗಮ್ಮ ಮಾತ್ರ ನಗದೆ ಟೀವಿಯ ಹತ್ತಿರ ಸರಿದರು. ಅಲ್ಲಿ ಅವರು ಒಲೆಯ ಮುಂದೆ ಹಿಟ್ಟು ಹುಯ್ಯುತ್ತ, ಕತ್ತು ತೂಗುತ್ತ, ಸಣ್ಣ ದನಿಯಲ್ಲಿ ಹಾಡಿಕೊಳ್ಳುತ್ತಿದ್ದರು.

"ನಾನು ಹಾಡ್ತೀನಾ?"

"ನಾ ಬಂದಾಗೆಲ್ಲ ಹಾಡ್ತೀರಿ," ಎಂದಳು ಸುಭದ್ರಾ.

"ಇಪ್ಪತ್ತು ವರ್ಷದಿಂದ ಒಬ್ರೂ ಹೇಳ್ಲಿಲ್ವಲ್ಲೇ." ತಂಗಮ್ಮನ ಮುಖ ಹುಡುಗಿಯರ ಮುಖದ ಹಾಗೆ ಕೆಂಪಾಯಿತು. "ಅದನ್ನ ಇನ್ನೊಂದ್ಸಲ ಹಾಕು. ಶೇಷಪ್ಪ, ನೀನು ಹಾರ್ನ್ ಗೀರ್ನ್ ಹೊಡೀಬೇಡ."

"ನಾನು ಇಲ್ಲೇ ಇದೀನಲ್ಲಮ್ಮ," ಎಂದ ಶೇಷಪ್ಪ. ಬಸ್ಸು ಮುಕ್ಕಾಲು ಗಂಟೆ ತಡವಾಗಿ ಘಾಟಿ ಇಳಿಯಿತು.