ಗುಂಡು ಕಾಕಾನ ಹದಿಮೂರು ರವಿವಾರ

ರವಿವಾರ ಬಂತೆಂದರೆ ಇಚಲಕರಂಜಿಯ ಗುಂಡು ಕಾಕಾ ನಸುಕಿನಲ್ಲೇ ಎದ್ದು ಗಡ್ಡ ಹೆರೆದುಕೊಳ್ಳುತ್ತಿದ್ದ. ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು, ಟೋಪಿಯನ್ನು ಒಮ್ಮೆ ಝಾಡಿಸಿ ತಲೆಗಿಟ್ಟುಕೊಂಡು, ಕೊಲ್ಹಾಪುರದ ಬಸ್ಸು ಹಿಡಿಯುತ್ತಿದ್ದ. ಎಲ್ಲಿಗೆ ಹೊರಟೆ ಎಂದು ಓಣಿಯಲ್ಲಿ ಯಾರಾದರೂ ಕೇಳಿದರೆ, "ಊರು ನೋಡಾಕ" ಎಂದು ಹೇಳಲು ತಯಾರಾಗಿದ್ದ. ಯಾರೂ ಕೇಳುತ್ತಿರಲಿಲ್ಲ.

ಅವನಿಗೆ ಅರವತ್ತೆರಡು. ಅಪ್ಪನ ಕಾಲಕ್ಕೆ ರಬಕವಿ ಕಡೆಯಿಂದ ಬಂದ ನೇಕಾರರ ಮನೆತನ. ಮೂವತ್ತೆಂಟು ವರ್ಷ ಪಾವರ್‌ಲೂಮ್ ಕಾರಖಾನೆಯಲ್ಲಿ ಮಗ್ಗ ನಡೆಸಿದವನು. ಒಂದೇ ತಗಡಿನ ಮಾಡಿನ ಕೆಳಗೆ ನಲವತ್ತೆಂಟು ಮಗ್ಗ ಖಟಪಟ ಹೊಡೆಯುತ್ತಿದ್ದರೆ ಅಲ್ಲಿ ಮಾತು ಕಿವಿಯ ಕೆಲಸವಲ್ಲ, ಕಣ್ಣಿನ ಕೆಲಸ. ಹೊಸದಾಗಿ ಸೇರಿದವರು ಮೊದಲ ತಿಂಗಳು ಒದರುತ್ತಾರೆ. ಗಂಟಲು ಬಿದ್ದುಹೋದ ಮೇಲೆ ಒದರುವುದನ್ನು ಬಿಟ್ಟು ಎದುರಿಗಿನವರ ತುಟಿ ನೋಡುವುದನ್ನು ಕಲಿಯುತ್ತಾರೆ. ಬೆಳಕಿನ ಕಡೆ ಮಾರಿ ಮಾಡಿ, ದನಿ ತೆಗೆಯದೆ, ಬಾಯಿ ಪೂರ್ತಿ ತೆರೆದು ಮಾತಾಡಿದರೆ ಆರು ಮಗ್ಗದ ಆಚೆ ನಿಂತವರಿಗೂ ಮಾತು ಮುಟ್ಟುತ್ತದೆ.

ಅವನ ಹೆಂಡತಿ ಹಾಲವ್ವ ಅದೇ ಕಾರಖಾನೆಯ ಮೂಲೆಯಲ್ಲಿ ಲಾಳಿಯೊಳಗೆ ಕೂರುವ ಕಾಂಡಿಗೆ ನೂಲು ಸುತ್ತುತ್ತಿದ್ದಳು. ಗಂಡ ಹೆಂಡತಿಯ ಮಾತೆಲ್ಲ ಅಲ್ಲೇ ನಡೆಯುತ್ತಿತ್ತು.

"ಇವತ್ತ ಝುಣಕಾ ಮಾಡ್ಲ್ಯೋ, ಬ್ಯಾಳಿ ಮಾಡ್ಲ್ಯೋ?"

"ನಿಮ್ಮ ತವರ ಮನಿಯವ್ರು ಬರೋರಿದ್ರ ಝುಣಕಾ ಸಾಕು."

"ಹಂಗಾರ ನಿಮ್ಮ ಅಕ್ಕ ಬಂದಾಗ ತುಪ್ಪದ ಡಬ್ಬಿ ಎಲ್ಲಿ ಮುಚ್ಚಿಡ್ಲಿ, ಅದನ್ನೂ ಹೇಳ್ರಿ!"

ನಡುವೆ ನಿಂತವರಿಗೆ ಮಗ್ಗದ ಸದ್ದು ಬಿಟ್ಟು ಬೇರೇನೂ ಕೇಳುತ್ತಿರಲಿಲ್ಲ. ಮಗಳು ಸಾರಿಕಾಳನ್ನು ಗಡಹಿಂಗ್ಲಜಕ್ಕೆ ಕೊಡುವುದೆಂದು ಅವರು ನಿರ್ಧಾರ ಮಾಡಿದ್ದೂ ಹೀಗೆಯೇ, ಒಂದು ಶಬ್ದವೂ ಹೊರಗೆ ಬೀಳದೆ. ಮನೆಗೆ ಬಂದ ಮೇಲೆ ಸಿಟ್ಟಿನ ಮಾತಾದರೆ ಓಣಿಗೆಲ್ಲ ಕೇಳುತ್ತಿತ್ತು. ಮನಸ್ಸಿನ ಮಾತಾದರೆ ಮಾತ್ರ ಇಬ್ಬರ ದನಿಯೂ ತಾನಾಗಿಯೇ ಇಳಿದುಹೋಗಿ ತುಟಿಯಷ್ಟೇ ಅಲುಗುತ್ತಿತ್ತು. ಅದು ಅವರಿಗೆ ರೂಢಿಯಾಗಿಹೋಗಿತ್ತು.

ಕಿವಿ ಯಾವಾಗ ಹೋಯಿತೆಂದು ಗುಂಡು ಕಾಕಾನಿಗೇ ತಿಳಿಯಲಿಲ್ಲ. ಕಾರಖಾನೆಯಲ್ಲಿ ಅದರ ಅವಶ್ಯಕತೆ ಬೀಳುತ್ತಿರಲಿಲ್ಲ. ಎರಡು ವರ್ಷದ ಹಿಂದೆ ಹಾಲವ್ವ ತೀರಿಕೊಂಡಳು. ಅದೇ ವರ್ಷ ಮಾಲೀಕರು ಹಳೆಯ ಮಗ್ಗಗಳನ್ನು ಗುಜರಿಗೆ ಹಾಕಿದರು. ಸುತ್ತಲಿನ ಸದ್ದು ನಿಂತಾಗ ತಿಳಿಯಿತು, ಒಳಗೂ ಏನೂ ಕೇಳುತ್ತಿಲ್ಲವೆಂದು. ದವಾಖಾನೆಯಲ್ಲಿ ಕಿವಿಗೆ ಇಡುವ ಮಶೀನು ಕೊಟ್ಟರು. ಅದನ್ನು ಇಟ್ಟುಕೊಂಡರೆ ಕಾರಖಾನೆಯ ಗದ್ದಲವೇ ತಲೆಯಲ್ಲಿ ಮತ್ತೆ ಎದ್ದಂತಾಗುತ್ತಿತ್ತು, ಮಾತು ಮಾತ್ರ ಬಿಡಿಸಿ ಬರುತ್ತಿರಲಿಲ್ಲ. ಅದು ಡಬ್ಬಿಯಲ್ಲೇ ಉಳಿಯಿತು.

ಕಿವಿ ಇಲ್ಲದಿದ್ದರೂ ನಡೆಯುತ್ತಿತ್ತು, ಎದುರಿಗೊಂದು ಮಾರಿ ಇದ್ದಿದ್ದರೆ. ಚಹಾದ ಅಂಗಡಿಯಲ್ಲಿ ಜನ ಮೊಬೈಲಿಗೆ ಬಗ್ಗಿಕೊಂಡೇ ಮಾತಾಡುತ್ತಾರೆ. ಬಾಜೂ ಮನೆಯವಳು ಬೆನ್ನು ತಿರುಗಿಸಿ ಭಾಂಡೆ ತಿಕ್ಕುತ್ತ ಮಾತಾಡುತ್ತಾಳೆ. ತನಗೆ ಕೇಳುವುದಿಲ್ಲವೆಂದು ಹೇಳಿಕೊಳ್ಳಲು ಅವನಿಗೆ ನಾಚಿಕೆ. ಆದ್ದರಿಂದ ಎಲ್ಲದಕ್ಕೂ "ಹೌದ್ರಿ, ಹೌದ್ರಿ" ಅನ್ನುತ್ತ ಬಂದ. ಬರಬರುತ್ತ ಜನ ಅವನನ್ನು ಮಾತಾಡಿಸುವುದನ್ನೇ ಬಿಟ್ಟರು.

ಹೀಗಿರುವಾಗ ಒಂದು ರವಿವಾರ ಕೊಲ್ಹಾಪುರಕ್ಕೆ ಹೋಗಿ ಅಂಬಾಬಾಯಿಯ ದರ್ಶನ ಮುಗಿಸಿ ಭವಾನಿ ಮಂಡಪದ ಹತ್ತಿರ ಬಂದಾಗ, ಇಪ್ಪತ್ತು ಮಂದಿಯ ಎದುರು ಒಬ್ಬ ಹುಡುಗಿ ಬಿಸಿಲಿಗೆ ಮಾರಿ ಮಾಡಿ ನಿಂತು ಮಾತಾಡುವುದನ್ನು ಕಂಡ. ಕರವೀರ ಎಂಬ ಕೊಲ್ಹಾಪುರ ಸಂಸ್ಥಾನದ ಹಳೆಯ ರಾಜಧಾನಿಯನ್ನು ನಡೆದು ತೋರಿಸುವ ಒಂದು ಸಣ್ಣ ಮಂಡಳಿಯವಳು ಅವಳು. ಹೆಸರು ಮೋನಾಲಿ. ಮಾತು ಮರಾಠಿ, ಆದರೆ ಒಂದೊಂದು ಅಕ್ಷರವನ್ನೂ ತುಟಿಯ ಮೇಲೆ ಇಟ್ಟು ತೋರಿಸಿದಂತೆ ಆಡುತ್ತಿದ್ದಳು. ಗುಂಡು ಕಾಕಾ ನಿಂತಲ್ಲೇ ನಿಂತ. ಮಂಡಪದಿಂದ ಹಳೆಯ ಅರಮನೆಯಾದ ಜುನಾ ರಾಜವಾಡಾ, ಕಂಬವೇ ಇಲ್ಲದ ಬಿನ್‌ಖಾಂಬಿ ಗಣಪತಿಯ ಗುಡಿ, ಖಾಸಬಾಗದ ಕುಸ್ತಿ ಮೈದಾನ, ಕೊನೆಗೆ ಹಿಂದೆ ಆನೆಗಳನ್ನು ಕಾದಾಡಿಸುತ್ತಿದ್ದ ಸಾಠಮಾರಿ. ಎರಡು ತಾಸು ಅವಳು ಮಾತಾಡಿದಳು, ಎರಡು ತಾಸೂ ಅವನಿಗೆ ತಿಳಿಯಿತು. ಹಾಲವ್ವ ಹೋದ ಮೇಲೆ ಅಷ್ಟು ಹೊತ್ತು ಯಾರೂ ಅವನತ್ತ ನೋಡಿ ಮಾತಾಡಿರಲಿಲ್ಲ.

ಮುಂದಿನ ರವಿವಾರವೂ ಹೋದ. ಅದರ ಮುಂದಿನದಕ್ಕೂ ಹೋದ. ಯಾವಾಗಲೂ ಮೊದಲ ಸಾಲಿನಲ್ಲಿ, ಅವಳ ಮಾರಿ ಕಾಣುವ ಜಾಗದಲ್ಲಿ ನಿಲ್ಲುತ್ತಿದ್ದ. ಒಂದು ದಿನ ಅವಳು ದೂರ ನಿಂತು ಫೋನಿನಲ್ಲಿ, "ಯವ್ವಾ, ಕುಕ್ಕರ್ ಮೂರು ಸೀಟಿಗಿ ಇಳಸು, ನಾಕಲ್ಲ" ಅನ್ನುವುದನ್ನು ಕಂಡ. ಓ, ಇವಳೂ ನಮ್ಮ ಕನ್ನಡದವಳೇ! ಆ ದಿನ ಬಸ್ಸಿನಲ್ಲಿ ಇಚಲಕರಂಜಿ ಮುಟ್ಟುವವರೆಗೂ ಅವನ ಮುಖದ ಮೇಲೆ ನಗು ಇತ್ತು. ಮಾತಾಡಿಸಬೇಕು ಅನಿಸುತ್ತಿತ್ತು. ಮಾತಾಡಿಸಿದರೆ ಅವಳು ತಿರುಗಿ ಏನೋ ಕೇಳುತ್ತಾಳೆ, ಅದು ತನಗೆ ತಿಳಿಯದೇ ಹೋದರೆ? ಹನ್ನೊಂದು ರವಿವಾರ ಕೈ ಮುಗಿದು ಬಂದು, ಕೈ ಮುಗಿದು ಹೋದ.

ಹನ್ನೆರಡನೆಯ ರವಿವಾರ ಮೋನಾಲಿಯ ಕೈಯಲ್ಲಿ ಮೈಕು ಇತ್ತು. ಜೊತೆಗೆ ಬಂದವರ ಹೆಸರು, ಫೋನ್ ನಂಬರು ಬರೆದುಕೊಳ್ಳುವ ಅಭಿಜಿತನ ಹೆಗಲಿಗೆ ಸ್ಪೀಕರಿನ ಡಬ್ಬಿ. ಜನ ಹೆಚ್ಚುತ್ತಿದ್ದರು, ಹಿಂದಿನವರಿಗೆ ಕೇಳುತ್ತಿರಲಿಲ್ಲ, ಅದಕ್ಕೆ ತಂದಿದ್ದರು. ಅವಳು ಮೈಕನ್ನು ತುಟಿಗೆ ಹಚ್ಚಿ ಹಿಡಿದಳು. ಗುಂಡು ಕಾಕಾನಿಗೆ ಕಂಡದ್ದು ಕಪ್ಪು ಉಂಡೆಯೊಂದು, ಅದರ ಮೇಲೆ ಎರಡು ಕಣ್ಣು.

ಎಡಕ್ಕೆ ಸರಿದು ನೋಡಿದ, ಬಲಕ್ಕೆ ಸರಿದು ನೋಡಿದ. ಅವಳು ತಿರುಗಿದ ಕಡೆ ಮೈಕೂ ತಿರುಗುತ್ತಿತ್ತು. ಜನ ನಕ್ಕಾಗ ತಾನೂ ನಕ್ಕ, ಸ್ವಲ್ಪ ತಡವಾಗಿ. ಖಾಸಬಾಗ ಮೈದಾನದ ಮೆಟ್ಟಿಲ ಮೇಲೆ ಎಲ್ಲರೂ ಕೂತಾಗ ಮೋನಾಲಿ ಅವನ ಕಡೆ ಕೈ ಮಾಡಿ ಏನೋ ಕೇಳಿದಳು. ಎಲ್ಲರೂ ಅವನತ್ತ ತಿರುಗಿದರು. ಪ್ರತಿ ವಾರ ಈ ಜಾಗದಲ್ಲಿ ಕುಸ್ತಿ ಕಣದ ಮಣ್ಣಿನ ಬಗ್ಗೆ ಅವಳು ಕೇಳುತ್ತಿದ್ದ ಪ್ರಶ್ನೆ ಅವನಿಗೆ ಗೊತ್ತಿತ್ತು. ಎದ್ದು ನಿಂತು, ಶಾಲೆಯ ಹುಡುಗನಂತೆ ಕೈಕಟ್ಟಿ, ಗಟ್ಟಿಯಾಗಿ ಮರಾಠಿಯಲ್ಲಿ ಹೇಳಿದ:

"ಕೆಂಪು ಮಣ್ಣು. ಅದಕ್ಕ ಮಜ್ಜಿಗಿ, ಎಣ್ಣಿ, ಅರಿಶಿಣ ಕಲಸ್ತಾರ್ರಿ."

ಮೆಟ್ಟಿಲ ತುಂಬ ನಗೆ ಎದ್ದಿತು. ಒಬ್ಬ ಹೆಣ್ಣುಮಗಳು ಸೆರಗು ಬಾಯಿಗಿಟ್ಟುಕೊಂಡಳು. ಬಾಜೂ ಕೂತವನು ಅವನ ತೊಡೆ ತಟ್ಟಿ, ಅವನತ್ತ ತಿರುಗಿ, "ಕಾಕಾ, ಪ್ರತಿ ವಾರ ಯಾಕೆ ಬರ್ತೀರಿ ಅಂತ ಕೇಳಿದ್ಲು ಅಕಿ!" ಅಂದ. ಗುಂಡು ಕಾಕಾ ಟೋಪಿ ಸರಿಮಾಡಿಕೊಂಡು ಕೂತ.

ಸಾಠಮಾರಿಯಲ್ಲಿ ನೀರು ಕುಡಿಯಲು ಬಿಟ್ಟಾಗ ಅವನು ಬೇಕಂತಲೇ ದೂರ ಹೋಗಿ ಒಂದು ಬುರುಜಿನ ನೆರಳಿಗೆ ನಿಂತ. ಮೈದಾನದ ಆಚೆ ಮೋನಾಲಿ ಮೈಕು ಕೆಳಗಿಟ್ಟು ಅಭಿಜಿತನ ಜೊತೆ ಮಾತಾಡುತ್ತಿದ್ದಳು. ಆರು ಮಗ್ಗದ ದೂರಕ್ಕಿಂತ ಹೆಚ್ಚೇನೂ ಇರಲಿಲ್ಲ. ಇಬ್ಬರ ಮಾರಿಯ ಮೇಲೂ ಬಿಸಿಲಿತ್ತು.

"ಮುಂದಿನ ವಾರ ಕಾಲೇಜಿನವರೇ ನಲವತ್ತು ಮಂದಿ," ಅಂದ ಅಭಿಜಿತ. "ಕಾಕಾನ ಹೆಸರು ತೆಗೆದುಬಿಡಲೇನು? ಅವನಿಗೇನು ತಿಳಿತದ?"

"ಪಾಪ, ಹೊತ್ತು ಹೋಗೂದಿಲ್ಲ, ಬರ್ತಾರ," ಅಂದಳು ಮೋನಾಲಿ. "ಖರೆ ಹೇಳ್ಬೇಕಂದ್ರ, ಹಂಗ ಮಾರಿನ ನೋಡ್ಕೋತ ನಿಂತ್ರ ನಂಗೂ ಒಂಥರಾ ಆಗ್ತದ. ಆದ್ರ ಬರಬ್ಯಾಡ್ರಿ ಅಂತ ಹ್ಯಾಂಗ ಹೇಳೂದು?"

ಗುಂಡು ಕಾಕಾ ನೆರಳಿನಿಂದ ಹೊರಗೆ ಬಂದ. ಅವಳು ಹಾಗೆ ಅಂದುಕೊಂಡಿರಬಹುದೆಂದು ಅವನಿಗೆ ಹೊಳೆದೇ ಇರಲಿಲ್ಲ. ಈಗಲೇ ಹೇಳಬೇಕು, ಇವತ್ತು ಹೇಳದಿದ್ದರೆ ಇನ್ನು ರವಿವಾರವೇ ಇಲ್ಲ. ನೇರ ಅವಳ ಹತ್ತಿರ ನಡೆದ. ಅವಳ ಎದುರಿಗೆ, ಬೆಳಕು ತನ್ನ ಮೇಲೆ ಬೀಳುವ ಹಾಗೆ ನಿಂತು, ಎಲ್ಲವನ್ನೂ ಕನ್ನಡದಲ್ಲಿ ಹೇಳಿದ. ಮಗ್ಗ ತನ್ನ ಕಿವಿ ತಿಂದದ್ದು, ತುಟಿ ನೋಡಿ ತಿಳಿದುಕೊಳ್ಳುವುದು, ಮನೆಯಲ್ಲಿ ಮಾತಿಗೆ ಯಾರೂ ಇಲ್ಲದ್ದು, ತನ್ನ ಕಣ್ಣಿನಲ್ಲಿ ಕೆಟ್ಟದ್ದೇನೂ ಇಲ್ಲ ಅನ್ನುವುದು, ಮೈಕು ಅಡ್ಡ ಬರುತ್ತದೆ ಅನ್ನುವುದು. ಎರಡು ವರ್ಷದಲ್ಲಿ ಅಷ್ಟು ಮಾತು ಅವನು ಆಡಿರಲಿಲ್ಲ. ಮೋನಾಲಿಯ ಕಣ್ಣು ದೊಡ್ಡವಾದವು. ಅವಳು ಅವನ ಎರಡೂ ತೋಳು ಹಿಡಿದು, "ಕೂಡ್ರಿ ಕಾಕಾ, ಕೂಡ್ರಿ. ನೀರ ಕುಡೀರಿ," ಎಂದು ಮರಾಠಿಯಲ್ಲೇ ಅಂದಳು. ಯಾರೋ ಗಾಳಿ ಬೀಸಿದರು. ಯಾರೋ ಟೋಪಿ ತೆಗೆದು ನೆತ್ತಿಗೆ ನೀರು ತಟ್ಟಿದರು. ಅಭಿಜಿತ ತಾನೇ ಬಸ್ಸಿನವರೆಗೆ ಬಂದು ಕಿಟಕಿಯ ಹತ್ತಿರ ಕೂರಿಸಿದ. ಎಷ್ಟು ಒಳ್ಳೆಯ ಮಂದಿ, ಹೇಳಿದ್ದು ಚಲೋ ಆಯಿತು ಎಂದುಕೊಂಡ ಗುಂಡು ಕಾಕಾ.

ಸಂಜೆ ಗಡಹಿಂಗ್ಲಜದಿಂದ ಸಾರಿಕಾ ವಿಡಿಯೋ ಫೋನು ಮಾಡಿದಳು. ಅವಳಿಗೆ ಅಪ್ಪನ ರೀತಿ ಗೊತ್ತು. ದೀಪದ ಕೆಳಗೆ ಕೂತು ನಿಧಾನವಾಗಿ ಆಡುತ್ತಾಳೆ.

"ಅಪ್ಪಾ, ಅಲ್ಲೆ ಏನಾತು? ಪಟ್ಟಿಯೊಳಗ ನನ್ನ ನಂಬರ್ ಇತ್ತಂತ, ಯಾರೋ ಅಭಿಜಿತ ಅನ್ನಾವ ಫೋನ್ ಮಾಡಿದ್ದ. ಕಾಕಾ ಬಾಯಿ ತೆಗಿತಾರ, ದನಿನ ಬರವಲ್ದು, ಲಕ್ವಾ ಹೊಡೀತೋ ಏನೋ, ಇನ್ನ ಕಳಸಬ್ಯಾಡ್ರಿ ಅಂದ."

"ಏ, ನಾ ಎಲ್ಲಾ ಬಿಡಿಸಿ ಹೇಳಿ ಬಂದೇನಲ್ಲ!"

ಸಾರಿಕಾ ಫೋನನ್ನು ಇನ್ನಷ್ಟು ಹತ್ತಿರ ಹಿಡಿದಳು. "ಅಪ್ಪಾ, ಅವ್ವನ ಮುಂದ ಹೇಳ್ತಿದ್ದಿ ನೋಡು, ಹಂಗ ಹೇಳೀಯೇನು?"

ತನ್ನ ದನಿ ತನಗೇ ಕೇಳದವನಿಗೆ ಅದು ಹೊರಟಿತೋ ಇಲ್ಲವೋ ಹೇಗೆ ಗೊತ್ತಾಗಬೇಕು? ಮನಸ್ಸಿನ ಮಾತು ಬಂದ ಕೂಡಲೇ ದನಿ ಇಳಿದುಹೋಗಿತ್ತು. ಅಷ್ಟು ಮಂದಿಯ ನಡುವೆ ತಾನು ಮೀನಿನಂತೆ ಬಾಯಿ ತೆರೆದು ಮುಚ್ಚಿದ್ದು ಈಗ ಅವನ ಕಣ್ಣಿಗೆ ಕಟ್ಟಿತು.

"ನಾ ಫೋನ್ ಮಾಡಿ ಹೇಳ್ಲಿ? ನಮ್ಮಪ್ಪಗ ಕಿವಿ ಕೇಳಂಗಿಲ್ಲಂತ?"

"ಬ್ಯಾಡ. ನಾನ ಹೇಳ್ತೇನಿ. ಇನ್ನೊಂದ ಸಲ ಹೋಗ್ತೇನಿ, ಆಮ್ಯಾಲ ನೀ ಹೇಳ್ದಂಗ ಕೇಳ್ತೇನಿ."

ಆ ವಾರವೆಲ್ಲ ಮನೆಯಲ್ಲಿ ಗಂಟಲ ಮೇಲೆ ಅಂಗೈ ಇಟ್ಟುಕೊಂಡು, ಅದು ಗುಂಯ್‌ಗುಡುವವರೆಗೂ ಅದೇ ಮಾತನ್ನು ಹೇಳಿ ನೋಡಿದ. ಬಾಜೂ ಮನೆಯವಳು ಎರಡು ಸಲ ಬಂದು ಇಣುಕಿ ಹೋದಳು.

ಹದಿಮೂರನೆಯ ರವಿವಾರ ಮಂಡಪದ ಮುಂದೆ ಕಾಲೇಜಿನ ಹುಡುಗರು ಕಿಕ್ಕಿರಿದಿದ್ದರು. ಗುಂಡು ಕಾಕಾ ಅವರನ್ನು ಸರಿಸಿಕೊಂಡು ಮುಂದೆ ಬಂದು, ಗಂಟಲಿಗೆ ಕೈ ಇಟ್ಟು, ಇದ್ದಷ್ಟೂ ದನಿ ತೆಗೆದ.

"ಮೋನಾಲಿ ತಾಯಿ! ನಂಗ ಕಿವಿ ಕೇಳಂಗಿಲ್ರಿ! ತುಟಿ ನೋಡಿ ತಿಳಕೋತೇನಿ! ಅದಕ್ಕ ಮಾರಿ ನೋಡ್ತಿದ್ದೆ, ಮತ್ತೇನಿಲ್ರಿ! ಮೈಕ ಅಡ್ಡ ಬರ್ತೈತಿ!"

ಮಂಡಪದ ಪಾರಿವಾಳಗಳೆಲ್ಲ ಒಮ್ಮೆಗೇ ಎದ್ದವು. ಹೂವಿನ ಅಂಗಡಿಯವನು ಎದ್ದುನಿಂತು ನೋಡಿದ. ಒಬ್ಬ ಹುಡುಗ ಕಿವಿ ಮುಚ್ಚಿಕೊಂಡು, "ಕಾಕಾಗೆ ಮೈಕೇ ಬೇಡ," ಅಂದದ್ದು ಅವನಿಗೆ ಸರಿಯಾಗಿ ಕಂಡಿತು. ಮೋನಾಲಿ ಕೆಂಪಾದಳು. ಮೈಕು ಕೆಳಗೆ ಇಳಿಸಿ, ಮೊದಲ ಸಲ ಅವನ ಜೊತೆ ಕನ್ನಡದಲ್ಲಿ ಮಾತಾಡಿದಳು.

"ಇಷ್ಟ ದಿನ ಯಾಕ ಹೇಳಲಿಲ್ರಿ ಕಾಕಾ?" ಅಂದವಳು ತಟ್ಟನೆ ತಡೆದಳು. "ಹಂಗಾರ ಹೋದ ವಾರ ಸಾಠಮಾರಿಯೊಳಗ ನಾವು ಆಡಿದ ಮಾತು..."

"ಕಂಡೈತಿ. ಇರ್ಲಿ ಬಿಡವಾ."

ಅವಳು ತಲೆ ತಗ್ಗಿಸಿದಳು. ಆಮೇಲೆ ಮೈಕನ್ನು ಎದೆಯ ಮಟ್ಟಕ್ಕೆ ಹಿಡಿದು ಮಾತು ಶುರು ಮಾಡಿದಳು. ಅವನಿಗೆ ಎಲ್ಲ ತಿಳಿಯಿತು, ನಾಲ್ಕು ವಾಕ್ಯ. ಅಷ್ಟರಲ್ಲಿ ಹಿಂದಿನ ಸಾಲಿನ ಹುಡುಗರು ಕೈ ಎತ್ತಿ, "ಆವಾಜ! ಆವಾಜ!" ಎಂದು ಕೂಗಿದರು. ಅವಳು ಅವನನ್ನು ನೋಡಿದಳು, ಅವರನ್ನು ನೋಡಿದಳು. ಗುಂಡು ಕಾಕಾ ತಾನೇ ಕೈ ಸನ್ನೆ ಮಾಡಿದ, ಮೇಲೆ ಹಿಡಿ ಎಂದು. ನಲವತ್ತು ಮಂದಿ, ತಾನೊಬ್ಬ. ಮೈಕು ಮತ್ತೆ ತುಟಿಗೆ ಹೋಯಿತು.

ಅವನು ಗುಂಪಿನ ಕೊನೆಯಲ್ಲಿ ನಡೆದ. ಎಲ್ಲಿ ನಿಲ್ಲುತ್ತಾರೆ, ಎಲ್ಲಿ ನಗುತ್ತಾರೆ ಎಲ್ಲವೂ ಬಾಯಿಪಾಠವಿತ್ತು. ಮುಂದೆ ಬೆನ್ನುಗಳು, ಬೆನ್ನಿನ ಮೇಲೆ ಬ್ಯಾಗುಗಳು. ಬಿನ್‌ಖಾಂಬಿ ಗಣಪತಿಗೆ ಕೈ ಮುಗಿದು, ಇನ್ನು ಬರುವುದು ಬೇಡ ಎಂದು ಮನಸ್ಸಿನಲ್ಲೇ ನಿರ್ಧರಿಸಿದ.

ಸಾಠಮಾರಿಯಲ್ಲಿ ಎಲ್ಲರೂ ಚದುರಿದ ಮೇಲೆ ಮೋನಾಲಿ ಬರಿಗೈಯಲ್ಲಿ ಅವನ ಹತ್ತಿರ ಬಂದಳು. ಬಿಸಿಲಿಗೆ ಮಾರಿ ಮಾಡಿ ನಿಂತಳು. ಹೀಗೆ ನಿಲ್ಲಬೇಕೆಂದು ಅವನೇನೂ ಹೇಳಿರಲಿಲ್ಲ.

"ಯಾವ ಜಾಗದ್ದು ತಪ್ಪೇತ್ರಿ ಕಾಕಾ? ಹೇಳ್ರಿ, ನಿಮಗಷ್ಟ ಹೇಳ್ತೇನಿ."

"ರಾಜರದ್ದು ಎಲ್ಲಾ ಗೊತ್ತೈತಿ ತಾಯಿ."

"ಮತ್ತೇನ್ ಹೇಳ್ಲಿ?"

ಅವನು ತುಸು ಯೋಚಿಸಿದ. "ಏನರ ಹೇಳು. ಮುಂಜಾನೆ ಮನ್ಯಾಗ ಏನ್ ಮಾಡಿದ್ರಿ?"

ಮೋನಾಲಿ ನಕ್ಕಳು. ಅವ್ವ ಪುಂಡಿಪಲ್ಯೆ ಮಾಡಿದ್ದಳು, ಉಪ್ಪು ಹೆಚ್ಚಾಗಿತ್ತು, ಯಾರೂ ಬಾಯಿ ಬಿಡಲಿಲ್ಲ, ತಮ್ಮ ಮಾತ್ರ ಚೊಂಬುಗಟ್ಟಲೆ ನೀರು ಕುಡಿದು ಬೈಸಿಕೊಂಡ. ಅಷ್ಟೇ. ಅವಳು ಹೇಳುತ್ತ ಎರಡು ಸಲ ತನ್ನ ಸ್ಕೂಟರ್ ಗಾಡಿಯ ಕಡೆ ನೋಡಿದಳು. ಅಭಿಜಿತ ಆಗಲೇ ಡಬ್ಬಿ ಕಟ್ಟಿಕೊಂಡು ಹಿಂದಿನ ಸೀಟಿನಲ್ಲಿ ಕೂತಿದ್ದ.

"ಬರ್ತೇನ್ರಿ ಕಾಕಾ. ಅಗದಿ ಹುಷಾರಾಗಿ ಹೋಗ್ರಿ."

"ಹೌದವಾ."

ಅವಳು ಗಾಡಿ ಹತ್ತಿ, ಊರಿನ ಎಲ್ಲ ಹುಡುಗಿಯರಂತೆ ಧೂಳಿಗೆಂದು ಓಢಣಿಯನ್ನು ಮೂಗು ಬಾಯಿ ಮುಚ್ಚಿ ತಲೆಯ ಸುತ್ತ ಬಿಗಿದುಕೊಂಡಳು. ಆಮೇಲೂ ಏನೋ ಹೇಳಿದಳು, ಬಟ್ಟೆ ಅಲುಗಿತು. ಗುಂಡು ಕಾಕಾ ಕೈ ಎತ್ತಿದ. ಗಾಡಿ ತಿರುವು ದಾಟಿದ ಮೇಲೆ ಕೈ ಇಳಿಸಿ, ಬಸ್ಸಿನ ಸ್ಟ್ಯಾಂಡಿನ ದಾರಿ ಹಿಡಿದ.