ಷರಾ ಕಾಲಂನಲ್ಲಿ ಬಿದ್ದ ಬೈಗುಳ

ಟೊಮೆಟೊ ಕೇಳಿ, ಬದನೆ ಕೇಳಿ, ಎಲೆಕೋಸು ಕೇಳಿ, ಗೇಣುದ್ದ ಸಸಿ ಬೆಳೆಸಿ ಕೈಗಿಡುತ್ತಿದ್ದಳು. ಅದಕ್ಕೇ ಎಲ್ಲರ ಬಾಯಲ್ಲೂ ಅವಳು ಸಸಿಯಕ್ಕ. ಇದ್ದದ್ದು ಒಂದೇ ಎಕರೆ. ಏಳು ವರ್ಷ ಪೇಟೆಯ ಮೂರನೇ ಮಹಡಿಯ ಬಾಡಿಗೆ ಕೋಣೆಯಿಂದ ಬೆಳಗಾಗುವ ಮೊದಲೇ ನಡೆದು ಬಂದು ನೀರು ಹಾಯಿಸಿದಳು. ಎಂಟನೇ ವರ್ಷ ಪರವಾನಗಿ ಪಡೆದು ಅಲ್ಲೇ ಎರಡು ಕೋಣೆಯ ಮನೆ ಕಟ್ಟಿದಳು. ಮೊಣಕಾಲು ಸೋತುಹೋದ ತಾಯಿ ಕಿಟಕಿ ಪಕ್ಕ ಹಾಸಿಗೆ ಹಾಸಿಕೊಂಡು, "ಇನ್ನೊಂದು ಬಾಡಿಗೆ ಮನೆ ಮೆಟ್ಟಿಲು ನನ್ನ ಕೈಲಿ ಹತ್ತೋಕಾಗಲ್ಲ ಕಣೇ, ಇಲ್ಲೇ ನನ್ನ ಕೊನೆ" ಎಂದು ನೆಮ್ಮದಿಯ ಉಸಿರು ಬಿಟ್ಟಳು.

ಬಿಟ್ಟ ಉಸಿರು ಆರುವ ಮೊದಲೇ ನೋಟಿಸು ಬಂತು. ಯಾರೋ ಪುಣ್ಯಾತ್ಮ ಅರ್ಜಿ ಗೀಚಿದ್ದ: ಇದು ಕೃಷಿ ಜಮೀನು, ಇಲ್ಲಿ ಸ್ವತಃ ಸಾಗುವಳಿ ಮಾಡುವವರು ಮಾತ್ರ ಮನೆ ಕಟ್ಟಬಹುದು, ಈಕೆ ಸಾಗುವಳಿಯನ್ನೇ ಮಾಡಿಲ್ಲ. ದಾಖಲೆ ತೆಗೆದು ನೋಡಿದರೆ ಏಳು ವರ್ಷವೂ 'ಬೀಳು' ಎಂದೇ ಇತ್ತು! ಬೆಳೆ ಬರೆಯುವ ಗುಮಾಸ್ತ ವರ್ಷಕ್ಕೊಮ್ಮೆ ಕೊಯ್ಲಿನ ಕಾಲಕ್ಕೆ ಬರುತ್ತಿದ್ದ. ಸಸಿಗೆಲ್ಲಿಯ ಕೊಯ್ಲು? ತಿಂಗಳೊಪ್ಪತ್ತಿನಲ್ಲಿ ಕಿತ್ತು ಬೇರೆಯವರ ಹೊಲ ಸೇರಿರುತ್ತಿದ್ದವು. ಮಹಾಶಯ ಖಾಲಿ ಮಡಿ ನೋಡಿ 'ಬೀಳು' ಎಂದು ಗೀಚಿ ಹೋಗುತ್ತಿದ್ದ. ಪರವಾನಗಿ ರದ್ದಾಯಿತು, ಮೂವತ್ತು ದಿನದಲ್ಲಿ ಮನೆ ಕೆಡವಬೇಕೆಂದು ಆದೇಶವಾಯಿತು.

ಸಸಿಯಕ್ಕ ನ್ಯಾಯಾಲಯಕ್ಕೆ ಹೋದಳು. ತಡೆಯಾಜ್ಞೆಯೇನೋ ಸಿಕ್ಕಿತು. ಆದರೆ ಅವಳ ವಕೀಲಮ್ಮ ಪುರಾವೆ ಬೇಕು ಎಂದು ಪಟ್ಟು ಹಿಡಿದರು.

"ಆ ಏಳು ವರ್ಷ ನಿಮ್ಮ ಹೊಲಕ್ಕೆ ತಪ್ಪದೆ ಬಂದೋರು ಯಾರಾದ್ರೂ ಇದಾರಾ?"

"ಯಾರೂ ಇಲ್ಲಮ್ಮ. ಪಂಪಿನ ಮೀಟರ್ ನೋಡೋನೊಬ್ಬ ಬರ್ತಿದ್ದ, ತಿಂಗಳಿಗೊಂದು ಸಲ. ಮಡಿ ತುಳೀತಾನೆ ಅಂತ ಚೆನ್ನಾಗಿ ಬೈದು ಕಳಿಸ್ತಿದ್ದೆ."

ವಕೀಲಮ್ಮನ ಕಿವಿ ನೆಟ್ಟಗಾಯಿತು. ಸಸಿಯಕ್ಕ ಮಾತ್ರ ಹಣೆ ಚಚ್ಚಿಕೊಂಡಳು. ಆ ಬಡಪಾಯಿಗೆ ಅವಳು ಅಂದದ್ದು ಒಂದೇ ಎರಡೇ! "ಕಣ್ಣು ಜೇಬಲ್ಲಿಟ್ಕೊಂಡು ಬರ್ತೀಯೇನೋ?" ಎಂಬುದು ಅದರಲ್ಲೇ ಮೆತ್ತಗಿನದು. ಈಗ ತನ್ನ ಮನೆ ಉಳಿಯುವುದು ಬಿಡುವುದು ಅವನ ಬಾಯಲ್ಲಿ.

ವಿಚಾರಣೆಯ ದಿನ ಅವನು ಬಟ್ಟೆ ಚೀಲದಲ್ಲಿ ಏಳು ಪುಸ್ತಕ ಹೊತ್ತು ತಂದ. ಸಾಕ್ಷಿ ಕಟಕಟೆಯಲ್ಲಿ ನಿಂತವನು ಅವಳತ್ತ ನೋಡಲಿಲ್ಲ. ಮುಗೀತು ಕಥೆ, ಅಮ್ಮನನ್ನು ಎಲ್ಲಿಗೆ ಹೊತ್ತುಕೊಂಡು ಹೋಗಲಿ ಎಂದು ಅವಳು ಸೆರಗು ಹಿಂಡುತ್ತ ಕುಳಿತಳು.

ಒಂದು ಮೀಟರಿಗೆ ಕಾಲು ಗಂಟೆ ಯಾಕೆ ಬೇಕು ಎಂದು ಮೇಲಿನವರು ಗದರುತ್ತಿದ್ದರಂತೆ. ಅದಕ್ಕೆ ಅವನು ತಡವಾದ ಕಾರಣವನ್ನು ಷರಾ ಕಾಲಂನಲ್ಲಿ ಪ್ರತಿ ತಿಂಗಳೂ ಬರೆದಿಟ್ಟಿದ್ದ. ಕನ್ನಡಕ ಏರಿಸಿ ಓದತೊಡಗಿದ.

"ಟೊಮೆಟೊ ಸಸಿ ತುಳಿಯಬಾರದೆಂದು ಮಾಲೀಕರು ಬೈದಿದ್ದರಿಂದ ಬದುವಿನ ಮೇಲೆ ಸುತ್ತಿ ಹೋಗಲಾಯಿತು. ತಡ." ಪುಟ ತಿರುಗಿಸಿದ. "ಮೆಣಸಿನ ಸಸಿ. ಬೈದರು. ತಡ." ಮತ್ತೊಂದು. "ಎಲೆಕೋಸು. ಮಾಲೀಕರೇ ನೀರು ಹಾಯಿಸುತ್ತಿದ್ದರು. ವಿಪರೀತ ಬೈದರು."

ಎಂಬತ್ತನಾಲ್ಕು ತಿಂಗಳು! ನ್ಯಾಯಾಧೀಶರು ಕರವಸ್ತ್ರದಿಂದ ಬಾಯಿ ಒರೆಸಿಕೊಳ್ಳುವ ನೆಪದಲ್ಲಿ ನಗು ಮುಚ್ಚಿಕೊಂಡರು. ಎದುರು ವಕೀಲರು ಬಿಡಲಿಲ್ಲ.

"ನೀವು ಇವರಿಗೆ ಸಂಬಂಧಿಕರೇನ್ರೀ?"

"ಅಲ್ಲ ಸಾರ್. ಆಗಿದ್ರೆ ಒಂದು ದಿನನಾದ್ರೂ ಮಡಿಗೆ ಅಡ್ಡ ಹಾಯೋಕೆ ಬಿಡ್ತಿದ್ರು."

ತೀರ್ಪು ಬರಲು ಇನ್ನೆರಡು ತಿಂಗಳು ಹಿಡಿಯಿತು. ಸಸಿ ಬೆಳೆಸುವುದೂ ಸಾಗುವಳಿಯೇ, ಪರವಾನಗಿ ಊರ್ಜಿತ, ಮನೆ ಮುಟ್ಟುವಂತಿಲ್ಲ. ಸುದ್ದಿ ಕೇಳಿದ ತಾಯಿ, "ಬಾಯಿ ಬಿಗಿ ಹಿಡಿ ಅಂತ ನಿಂಗೆ ಎಷ್ಟು ಸಲ ಹೇಳಿದ್ದೆ, ಸದ್ಯ ನೀನು ಕೇಳ್ಲಿಲ್ಲ!" ಎಂದು ಅಳುತ್ತಲೇ ನಕ್ಕಳು.

ಸಸಿಯಕ್ಕ ಚಪ್ಪಲಿ ಮೆಟ್ಟಿಕೊಂಡು ನೇರ ವಿದ್ಯುತ್ ಕಚೇರಿಗೆ ನಡೆದಳು. ಮಧ್ಯಾಹ್ನದ ಹೊತ್ತು, ಬಿಲ್ಲು ಕಟ್ಟುವವರ ಸಾಲು ಬಾಗಿಲ ತನಕ ಇತ್ತು. ಅವನು ಮೂಲೆಯ ಮೇಜಿನಲ್ಲಿ ಏನೋ ಬರೆಯುತ್ತಿದ್ದ. ಅಷ್ಟು ಜನರ ಎದುರಿಗೇ ಹೇಳಿದಳು:

"ಏಳು ವರ್ಷ ಬೈದೆ, ನೀನು ಒಂದು ಮಾತು ತಿರುಗಿ ಆಡಿದೋನಲ್ಲ. ಇವತ್ತು ನಮ್ಮಮ್ಮ ತನ್ನ ಹಾಸಿಗೇಲಿ ಮಲಗಿದಾಳೆ ಅಂದ್ರೆ ಅದು ನಿನ್ನಿಂದ ಕಣಪ್ಪ. ಸಾಯೋ ತನಕ ಈ ಉಪಕಾರ ಮರೆಯಲ್ಲ."

ಅವನು ಗಲಿಬಿಲಿಗೊಂಡು ಎದ್ದು ನಿಂತ. "ನಾನೇನು ಮಾಡ್ದೆ ಅಕ್ಕ, ನಡೆದಿದ್ದು ಬರೆದೆ. ಅದೂ ಪೂರ್ತಿ ಬರೀಲಿಲ್ಲ."

"ಇನ್ನೇನಪ್ಪ ಬಿಟ್ಟೆ?"

"ದಿನಕ್ಕೆ ನೂರು ಮನೆ ಸುತ್ತೀನಿ. ಮುಖ ಎತ್ತಿ ನೋಡೋರೂ ಇಲ್ಲ. ನೀವು ಬೈದು ಮುಗಿಸಿದ್ಮೇಲೆ ಪ್ರತಿ ಸಲ 'ಊಟ ಆಯ್ತೇನೋ?' ಅಂತ ಕೇಳ್ತಿದ್ರಿ. ಅದನ್ನ ಬರೆಯೋಕೆ ಕಾಲಂನಲ್ಲಿ ಜಾಗ ಇರ್ಲಿಲ್ಲ."

ಹಾಗೆ ಕೇಳುತ್ತಿದ್ದದ್ದು ಅವಳಿಗೆ ನೆನಪೇ ಇರಲಿಲ್ಲ. ಅವನು ಬರೆಯುತ್ತಿದ್ದ ಪುಸ್ತಕ ಮುಚ್ಚಿ ಕೇಳಿದಳು:

"ಈಗ ಆಯ್ತೇನೋ?"

"ಇಲ್ಲ ಅಕ್ಕ."

"ನಡಿ ಮತ್ತೆ, ಮನೆಗೆ ಹೋಗೋಣ."