ಚಪ್ಪಲಿಯ ಊರಿನ ಸಿಹಿ

ನಿನ್ನೆ ಮಧ್ಯಾಹ್ನ ಹಳೇಬೀಡಿನ ಬಸ್ ಸ್ಟ್ಯಾಂಡಿನ ಹತ್ತಿರ ನನ್ನ ಚಪ್ಪಲಿಯ ಬಾರು ಕಿತ್ತುಹೋಯಿತು. ಕಿತ್ತ ಚಪ್ಪಲಿಯನ್ನು ಹೆಬ್ಬೆರಳಲ್ಲಿ ಒತ್ತಿ ಹಿಡಿದು, ಏನೂ ಆಗಿಲ್ಲವೆಂಬ ಮುಖ ಮಾಡಿಕೊಂಡು ನಡೆಯುವ ಕಷ್ಟ ನಿಮಗೂ ಗೊತ್ತಿರುತ್ತದೆ. ರಿಪೇರಿಯವನು ಅದನ್ನು ತಿರುಗಿಸಿ ನೋಡಿ, "ಹವಾಯಿ ಅಲ್ವಾ ಅಕ್ಕಾ, ಹೊಸಾ ಬಾರು ಹಾಕ್‌ಬುಡ್ತೀನಿ ಕೂತ್ಕಳಿ" ಅಂದ. ನನಗೆ ಫಕ್ಕನೆ ನಗು ಬಂತು. ಅವನು ಪಾಪ, ತನ್ನನ್ನೇ ನೋಡಿ ನಕ್ಕಳೆಂದುಕೊಂಡು ಮುಖ ಸಪ್ಪಗೆ ಮಾಡಿಕೊಂಡ. ಅವನಿಗೆ ಹೇಳಲಾಗದ್ದನ್ನು ನಿಮಗೆ ಹೇಳುತ್ತೇನೆ.

ನಮ್ಮ ಮನೆಯ ಮಹಡಿಯಲ್ಲಿ ಎರಡು ಕೋಣೆಗಳನ್ನು ಪ್ರವಾಸಿಗಳಿಗೆಂದು ಇಟ್ಟಿದ್ದೇವೆ. ದೇವಸ್ಥಾನ ನೋಡಲು ಬಂದವರು ಒಂದು ರಾತ್ರಿ ಉಳಿಯುತ್ತಾರೆ, ಬೆಳಗ್ಗೆ ಬೇಲೂರಿನ ಬಸ್ಸು ಹತ್ತುತ್ತಾರೆ. ಹೋದವರ ಮುಖ ಎರಡು ದಿನಕ್ಕೆ ಮರೆತುಹೋಗುತ್ತದೆ, ಸುಳ್ಳು ಯಾಕೆ ಹೇಳಲಿ. ಮಾಲಿಯಾ ಮಾತ್ರ ಹಾಗಲ್ಲ. ವರ್ಷದ ಹಿಂದೆ, ಮಳೆಗಾಲ ಮುಗಿಯುವ ಹೊತ್ತಿಗೆ, ಬೆನ್ನಿಗೆ ಚೀಲ ಹಾಕಿಕೊಂಡು ಒಬ್ಬಳೇ ಬಂದ ಹೆಂಗಸು. ವಯಸ್ಸು ನನ್ನ ವಾರಿಗೆ. ಯಾವೂರು ಎಂದು ಅತ್ತೆ ನನ್ನ ಮೂಲಕ ಕೇಳಿಸಿದರು. ಹವಾಯಿ ಅಂದಳು.

"ಏನು, ಚಪ್ಪಲಿ ಊರಾ?" ಅಂದರು ಅತ್ತೆ.

ನಾನು ನಾಚಿಕೆಯಿಂದಲೇ ಅನುವಾದಿಸಿದೆ. ಅವಳು ಬಿದ್ದು ಬಿದ್ದು ನಕ್ಕಳು. ತಮ್ಮಲ್ಲಿ ದೊಡ್ಡವರು ಚಿಕ್ಕವರೆಲ್ಲ ಇಂಥದ್ದನ್ನೇ ಹಾಕುತ್ತಾರೆ, ಯಾರ ಮನೆಗೆ ಹೋದರೂ ಬಾಗಿಲಾಚೆಯೇ ಬಿಡುತ್ತಾರೆ ಎಂದಳು. ಅತ್ತೆಗೆ ಅಷ್ಟೇ ಸಾಕಾಯಿತು. "ಚಪ್ಪಲಿ ಆಚೆ ಬಿಡೋರು ಅಂದ್ಮೇಲೆ ನಮ್ಮೋರೇ ಬಿಡು" ಅಂದು ಅವತ್ತಿನಿಂದಲೇ ಅವಳನ್ನು ಮಾಲಾ ಎಂದು ಕರೆಯತೊಡಗಿದರು.

ನಮ್ಮದು ಬಸದಿಗೆ ನಡೆದುಕೊಳ್ಳುವ ಜೈನರ ಮನೆ. ಮಣ್ಣಿನೊಳಗೆ ಬೆಳೆದದ್ದು ನಮ್ಮ ಅಡುಗೆಮನೆಯ ಹೊಸಿಲು ದಾಟುವುದಿಲ್ಲ. ಆಲೂಗಡ್ಡೆ, ಈರುಳ್ಳಿ, ಮೂಲಂಗಿ, ಕ್ಯಾರೆಟ್, ಯಾವುದೂ ಇಲ್ಲ. ಹೊತ್ತು ಮುಳುಗಿದ ಮೇಲೆ ಊಟವೂ ಇಲ್ಲ. ಇಷ್ಟೆಲ್ಲ ಬಿಟ್ಟರೆ ತಿನ್ನಲು ಇನ್ನೇನು ಉಳಿಯಿತು ಎಂದು ಒಬ್ಬ ಅತಿಥಿ ಕೇಳಿದ್ದ. ಅತ್ತೆ ಅವರೆಕಾಳು, ಸೋರೆಕಾಯಿ, ಹೀರೆಕಾಯಿ ಸಿಪ್ಪೆಯ ಚಟ್ನಿ, ಹೋಳಿಗೆ ಎಂದು ಬಡಿಸುತ್ತಾ ಹೋದರು. ಕೊನೆಗೆ ಅವನಿಗೆ ಎದ್ದು ಕೈ ತೊಳೆಯುವುದೇ ಕಷ್ಟವಾಯಿತು.

ಮಾಲಿಯಾ ಬಂದ ಎರಡನೆಯ ಸಂಜೆ ಜಗಲಿಯ ಮೇಲೆ ನನ್ನ ಪಕ್ಕ ಕೂತು ಇದ್ದಕ್ಕಿದ್ದಂತೆ ಹೇಳಿಕೊಂಡಳು. ಅವಳ ಅಮ್ಮ ತೀರಿಕೊಂಡು ಕೆಲವು ತಿಂಗಳಾಗಿತ್ತು. ಬರುವ ಶುಕ್ರವಾರ ಆ ಅಮ್ಮ ಹುಟ್ಟಿದ ದಿನ. ಪ್ರತಿವರ್ಷ ಆ ದಿನ ಅಮ್ಮ ಕುಲೋಲೊ ಎಂಬ ಸಿಹಿ ಮಾಡಿ, ತಟ್ಟೆಯಲ್ಲಿಟ್ಟುಕೊಂಡು ಬೀದಿಯ ಮನೆಮನೆಗೂ ಹಂಚಿಬರುತ್ತಿದ್ದರಂತೆ. ತಟ್ಟೆ ಖಾಲಿಯಾಗದೆ ಮನೆಗೆ ಮರಳುತ್ತಿರಲಿಲ್ಲವಂತೆ. ಅಮ್ಮನಿಲ್ಲದ ಆ ದಿನವನ್ನು ಆ ಬೀದಿಯಲ್ಲಿ ಕಳೆಯಲಾರದೆ ಇಷ್ಟು ದೂರ ಓಡಿಬಂದಿದ್ದಾಳೆ. ಬಂದ ಮೇಲೆ, ಸಿಹಿ ಮಾಡದೆ ಇರಲೂ ಆಗುತ್ತಿಲ್ಲ.

"ಇಲ್ಲೇ ಮಾಡಿ ನಿಮ್ಮ ಬೀದಿಯಲ್ಲಿ ಹಂಚಲೇ?" ಎಂದು ಕೇಳಿದಳು. ಧಾರಾಳವಾಗಿ ಅಂದೆ. ಏನೇನು ಬೇಕು ಅಂದೆ. ತೆಂಗಿನಕಾಯಿ, ಬೆಲ್ಲ, ಆಮೇಲೆ ಫೋನಿನಲ್ಲಿ ಒಂದು ಚಿತ್ರ ತೋರಿಸಿದಳು. ಕೆಸುವಿನ ಗಡ್ಡೆ!

ನಾನು ಅತ್ತೆಯ ಹತ್ತಿರ ಹೋಗಿ ವಿಷಯ ಹೇಳಿದೆ. ಅತ್ತೆ ಹೂವು ಕಟ್ಟುತ್ತಿದ್ದವರು ದಾರ ಕೆಳಗಿಟ್ಟರು. "ಒಳಗೆ ಬೇಡ. ಹಿತ್ತಿಲಲ್ಲಿ ಒಲೆ ಹೂಡಿಕೊಡು. ನಾವು ತಿನ್ನಲ್ಲ ಅಂತ, ತಾಯಿ ಹೆಸ್ರಲ್ಲಿ ಮಾಡ್ತೀನಿ ಅನ್ನೋಳಿಗೆ ಬೇಡ ಅನ್ನೋಕಾಗುತ್ತಾ?" ಅಂದರು.

ಗಡ್ಡೆ ತರಲು ಅರಸೀಕೆರೆಗೆ ಹೋದೆವು. ಹಳೇಬೀಡಿನಲ್ಲೇ ಸಿಗುತ್ತಿತ್ತು, ಆದರೆ ಪದ್ಮಕ್ಕನ, ಅಂದರೆ ನಮ್ಮತ್ತೆಯ, ಸೊಸೆ ಗಡ್ಡೆ ಕೊಂಡಳೆಂಬ ಸುದ್ದಿ ನನಗಿಂತ ಮೊದಲೇ ಮನೆ ತಲುಪುತ್ತಿತ್ತು. ಅತ್ತೆಯ ಒಪ್ಪಿಗೆ ಇದ್ದರೂ ಕಳ್ಳಮಾಲು ಸಾಗಿಸುವವಳ ಹಾಗೆ ಚೀಲದ ಬಾಯಿ ಬಿಗಿಹಿಡಿದು ಕೂತಿದ್ದೆ, ನನ್ನ ಧೈರ್ಯ ಅಷ್ಟೇ. ಮಾಲಿಯಾ ಮಾತ್ರ ಕೊಬ್ಬರಿ ಮಂಡಿಯ ಮುಂದೆ ನಿಂತವಳು ಕದಲಲೇ ಇಲ್ಲ. ಆ ವಾಸನೆ ಅವಳ ಅಜ್ಜಿಯ ಮನೆಯದಂತೆ.

ಶುಕ್ರವಾರ ಹಿತ್ತಿಲಲ್ಲಿ ಮೂರು ಕಲ್ಲಿಟ್ಟು ಒಲೆ ಹೂಡಿದೆವು. ನಮ್ಮ ಪಾತ್ರೆ ಕೊಡುವ ಹಾಗಿಲ್ಲವಲ್ಲ, ಎದುರುಮನೆಯ ಗೌರಮ್ಮನ ಇಡ್ಲಿಪಾತ್ರೆ, ತಟ್ಟೆ ಬಂದವು. ಗೌರಮ್ಮನವರದು ತೆಂಗಿನ ವ್ಯಾಪಾರದ ಶೈವರ ಮನೆ, ಗಡ್ಡೆಗೆ ಅಡ್ಡಿಯಿಲ್ಲ. ಮಾಲಿಯಾ ಕೆಸುವನ್ನು ತುರಿದು, ತೆಂಗಿನ ಹಾಲು, ಬೆಲ್ಲ ಕಲಸಿ, ಬಾಳೆಲೆಯಲ್ಲಿ ಕಟ್ಟಿ ಬೆಳಗ್ಗೆ ಇಟ್ಟದ್ದು ಮಧ್ಯಾಹ್ನದವರೆಗೂ ಬೇಯುತ್ತಲೇ ಇತ್ತು. ಸರಿಯಾಗಿ ಬೇಯದಿದ್ದರೆ ಗಂಟಲು ಕೆರೆಯುತ್ತದೆಂದು ಅವಳಿಗೂ ಗೊತ್ತು. ಅತ್ತೆ ಹಿತ್ತಿಲ ಬಾಗಿಲಲ್ಲಿ ನಿಂತು, "ಉರಿ ಸಣ್ಣಕೆ ಮಾಡೇ ಮಾಲಾ" ಎಂದು ಕನ್ನಡದಲ್ಲೇ ಹೇಳಿಕೊಡುತ್ತಿದ್ದರು. ಅವಳು ಹಾಗೇ ಮಾಡುತ್ತಲೂ ಇದ್ದಳು. ಬೆಲ್ಲ ಮತ್ತು ಕಾಯಿಹಾಲಿನ ಘಮ ಏಳುತ್ತಿದ್ದಂತೆ ಅತ್ತೆ ಉದ್ದಕ್ಕೆ ಉಸಿರೆಳೆದುಕೊಂಡು, ನಾನು ನೋಡಿದ್ದು ಕಂಡು, "ವಾಸನೆಗೇನು ವ್ರತ ಇಲ್ಲ ಕಣೇ" ಅಂದರು.

ದೇವಸ್ಥಾನ ತೋರಿಸಲು ನಮ್ಮೂರಲ್ಲಿ ಗೈಡುಗಳು ಬೇಕಾದಷ್ಟಿದ್ದಾರೆ. ಬೀದಿ ತೋರಿಸಲು ಇರುವವರು ಅತ್ತೆ ಒಬ್ಬರೇ. ಯಾರಿಗೆ ಹಲ್ಲಿಲ್ಲ, ಯಾರ ಸೊಸೆ ಬಸುರಿ, ಯಾರ ಮನೆಯ ನಾಯಿ ಕಚ್ಚುತ್ತದೆ, ಎಲ್ಲ ಅವರಿಗೆ ಬಾಯಿಪಾಠ. ಸೆರಗು ಹೊದ್ದು ಮುಂದೆ ಹೊರಟೇಬಿಟ್ಟರು. ಹಿಂದೆ ತಟ್ಟೆ ಹಿಡಿದ ಮಾಲಿಯಾ. ವಿವರಿಸಿ ಹೇಳುವ ಕೆಲಸ ನನ್ನದು, ಇಂಗ್ಲಿಷ್ ಓದಿದವಳಲ್ಲವೇ! ಒಂದು ಮನೆಯ ಮುಂದೆ ನಮ್ಮನ್ನು ನಿಲ್ಲಿಸಿ ಅತ್ತೆ ಮುಂದಿನ ಮನೆಯವರನ್ನು ಎಬ್ಬಿಸಲು ಹೋಗುತ್ತಿದ್ದರು.

ಮೊದಲನೆಯದು ಗೌರಮ್ಮನ ಮನೆ. ಮಗಳ ಮದುವೆಗೆ ಚಪ್ಪರ ಹಾಕಿದ್ದರು. ನಾನು ಗಂಟಲು ಸರಿಮಾಡಿಕೊಂಡು, "ಇವತ್ತು ಇವರ ಅಮ್ಮನ ದಿನ. ಅಮ್ಮ ತೀರಿಕೊಂಡಿದ್ದಾರೆ. ಅವರ ಹೆಸರಲ್ಲಿ ಈ ಸಿಹಿ" ಅಂದೆ. ಚಾಚಿದ್ದ ಗೌರಮ್ಮನ ಕೈ ಹಿಂದಕ್ಕೆ ಹೋಯಿತು. "ಬೇಜಾರ್ ಮಾಡ್ಕಬೇಡ ಕಣವ್ವ, ಮನ್ಯಾಗೆ ಶುಭಕಾರ್ಯ ಐತೆ" ಅಂದು ಒಳಗೆ ಸರಿದರು. ಮುಂದಿನ ಮನೆಯಲ್ಲಿ ಸಕ್ಕರೆ ಕಾಯಿಲೆ. ಅದರಾಚೆ ಮನೆಯವರದು ಆಗ ತಾನೇ ಊಟವಾಗಿತ್ತು. ಆಮೇಲೆ ಕೆಲವು ಬಾಗಿಲುಗಳು ನಾವು ಹೋಗುವ ಮೊದಲೇ ಹಾಕಿಕೊಂಡವು.

ಮಾಲಿಯಾ ತಟ್ಟೆ ನೋಡಿದಳು. ಒಂದು ತುಂಡೂ ಕದಲಿರಲಿಲ್ಲ. ಬಿಸಿಲು ಇಳಿಯುತ್ತಿತ್ತು. "ಅಮ್ಮನ ತಟ್ಟೆ ಹೀಗೆ ತುಂಬಿಕೊಂಡೇ ಮನೆಗೆ ಹೋದದ್ದಿಲ್ಲ" ಅಂದಳು, ಅಷ್ಟೇ.

ಅತ್ತೆ ದಡದಡನೆ ಹಿಂದಕ್ಕೆ ಬಂದರು. "ಏನಂದೆ ನೀನು ಅವ್ರಿಗೆ?"

"ಅಮ್ಮನ ದಿನ ಅಂದೆ."

"ಅಯ್ಯೋ ನಿನ್ ಓದಿಗಿಷ್ಟು! ಸತ್ತೋರ ದಿನ ಅಂದ್ರೆ ತಿಥಿ ಅಂದ್ಕಳಲ್ವೇನೆ ಜನ? ಹುಟ್ಟಿದ ದಿನ ಅನ್ನೋಕೆ ಏನಾಗಿತ್ತು ನಿಂಗೆ?"

ಏನಾಗಿತ್ತೆಂದರೆ, ತೀರಿಕೊಂಡವರಿಗೆ ಹುಟ್ಟುಹಬ್ಬ ಎನ್ನಲು ನನ್ನ ನಾಲಿಗೆ ಹೊರಳಿರಲಿಲ್ಲ. ಅದನ್ನು ಹೇಳುವಷ್ಟರಲ್ಲಿ ಅತ್ತೆ ಮಾಲಿಯಾಳ ಕೈಯಿಂದ ತಟ್ಟೆ ತೆಗೆದುಕೊಂಡಾಗಿತ್ತು. ಗಡ್ಡೆ ಇಟ್ಟ ತಟ್ಟೆಯನ್ನು ನನ್ನತ್ತೆ ಮುಟ್ಟಿದ್ದನ್ನು ನಾನು ಕಂಡದ್ದು ಅದೇ ಮೊದಲು. ನೇರ ಗೌರಮ್ಮನ ಚಪ್ಪರದ ಕೆಳಗೆ ಹೋಗಿ ನಿಂತರು.

"ಗೌರಾ, ಬಾ ಈಚೆಗೆ. ಇದು ತಿಥೀದಲ್ಲ. ಇವಳ ಹೆತ್ತವ್ವ ಹುಟ್ಟಿದ ದಿನದ್ದು, ಶುಭದ್ದು. ಅವಳವ್ವ ಹಂಚ್ತಿದ್ದಳಂತೆ, ಈಗ ಇವಳು ಹಂಚ್ತಾವಳೆ. ಮೊದ್ಲು ಮದುವೆ ಹೆಣ್ಣಿಗೆ ತಿನ್ಸು."

"ನೀವು ತಿಂದ್ರಾ ಅಮ್ಮಾ?"

"ನಾನು ಗಡ್ಡೆ ತಿನ್ನಲ್ಲ ಅಂತ ನಿಂಗೊತ್ತಿಲ್ವಾ? ನನ್ ಪಾಲಿಂದೂ ನೀನೇ ತಿನ್ನು."

ಗೌರಮ್ಮ ಮಗಳ ಬಾಯಿಗೆ ಒಂದು ಚೂರು ಇಟ್ಟು, ತಾವೂ ಒಂದು ಚೂರು ಹಾಕಿಕೊಂಡರು. ಗಂಟಲು ಕೆರೆಯುತ್ತದೇನೋ ಎಂದು ನಾವೆಲ್ಲ ಅವರ ಗಂಟಲನ್ನೇ ನೋಡುತ್ತಾ ನಿಂತೆವು. "ಕೆರೀತೈತಾ?" ಅಂದರು ಅತ್ತೆ. "ಇನ್ನೊಂದು ಕೊಡಿ, ನೋಡಿ ಹೇಳ್ತೀನಿ" ಅಂದರು ಗೌರಮ್ಮ.

ಆಮೇಲೆ ಕೇಳಬೇಕೆ. ಹಾಕಿದ್ದ ಬಾಗಿಲುಗಳು ತೆರೆದವು. ಸಕ್ಕರೆ ಕಾಯಿಲೆಯವರೂ ಒಂದು ಚೂರು ತಿಂದರು, ಊಟವಾದವರು ಎರಡು ತಿಂದರು. ಹಲ್ವಾ ಥರ ಐತೆ ಅಂತ ಒಬ್ಬರು, ಇಲ್ಲ ಕಡುಬು ಥರ ಅಂತ ಇನ್ನೊಬ್ಬರು, ಬೀದಿಯಲ್ಲೇ ವಾದ ಹತ್ತಿತು. ನಿಮ್ಮಮ್ಮನಿಗೆ ಎಷ್ಟು ಮಕ್ಕಳು, ಅವರು ಹಾಡುತ್ತಿದ್ದರೇ, ಸಿಡುಕುತ್ತಿದ್ದರೇ ಎಂದು ಹೆಂಗಸರು ಕೇಳಿದ್ದನ್ನೆಲ್ಲ ನಾನು ಮೈಯೆಲ್ಲ ಎಚ್ಚರವಾಗಿ ಅನುವಾದಿಸಿದೆ. ಕೊನೆಗೆ ತಟ್ಟೆಯಲ್ಲಿ ಬಾಳೆಲೆ ಮಾತ್ರ ಉಳಿಯಿತು. ಮಾಲಿಯಾ ನಗುತ್ತಾ ಅಳುತ್ತಾ ನಟ್ಟನಡು ಬೀದಿಯಲ್ಲಿ ಅತ್ತೆಯನ್ನು ತಬ್ಬಿಕೊಂಡುಬಿಟ್ಟಳು. "ಬಿಡೇ, ಜನ ನೋಡ್ತಾರೆ" ಎನ್ನುತ್ತಲೇ ಅತ್ತೆ ಅವಳ ಬೆನ್ನು ಸವರುತ್ತಿದ್ದರು. ಈ ಮನೆಗೆ ಸೊಸೆಯಾಗಿ ಬಂದದ್ದು ನನ್ನ ಪುಣ್ಯ ಎಂದು ಆ ಹೊತ್ತಿನಲ್ಲಿ ಅನ್ನಿಸಿದ್ದನ್ನು ಅತ್ತೆಗೆ ಇನ್ನೂ ಹೇಳಿಲ್ಲ. ಹೇಳಿದರೆ ಏನು ಬೇಕಾಗಿದೆ ನಿಂಗೆ ಎಂದು ಕೇಳುತ್ತಾರೆ.

ಮಾಲಿಯಾ ಹೊರಡುವ ದಿನ ಅವಳಿಗಿದ್ದ ಕೊರಗು ಒಂದೇ. ಬೀದಿಯೆಲ್ಲ ತಿಂದಿತು, ತಿನ್ನಿಸಿದವರು ತಿನ್ನಲಿಲ್ಲ. ಆ ಕೊರಗು ನನಗೂ ಅಂಟಿಕೊಂಡಿತ್ತು.

ನಿನ್ನೆ ಹೊಸ ಬಾರಿನ ಚಪ್ಪಲಿ ಮೆಟ್ಟಿಕೊಂಡು ಮನೆಗೆ ಬಂದು ಅತ್ತೆಗೆ ಕಾಫಿ ಕೊಟ್ಟಿದ್ದೆ. ಎದುರುಮನೆಯಿಂದ ಗೌರಮ್ಮ ಸೆರಗಿನ ಮರೆಯಲ್ಲಿ ಏನನ್ನೋ ಹಿಡಿದು ಓಡುತ್ತಲೇ ಬಂದರು. ಬಾಳೆಲೆಯ ಪೊಟ್ಟಣ, ಇನ್ನೂ ಹಬೆಯಾಡುತ್ತಿತ್ತು.

"ಮಗಳು ಬಸುರಿ, ಬಂದವ್ಳೆ. ಆ ಹವಾಯಿ ಸಿಹೀನೇ ಬೇಕು ಅಂದ್ಲು. ಗಡ್ಡೇದು ಅವಳಿಗೆ ಮಾಡ್ದೆ. ಇದ್ರಾಗೆ ಗಡ್ಡೆ ಇಲ್ಲ ಅಮ್ಮಾ, ಬಾಳೆಕಾಯಿ ತುರ್ದು ಹಾಕೀನಿ. ಪಾತ್ರೇನೂ ಹೊಸದು, ಗಡ್ಡೆ ಸೋಕಿಲ್ಲ. ಬೇಗ ತಿನ್ನಿ, ಹೊತ್ತು ಮುಳುಗ್ತೈತೆ."

ಅತ್ತೆ ಪೊಟ್ಟಣ ಬಿಚ್ಚಿ, ಒಂದು ಚೂರು ಮುರಿದು ಬಾಯಿಗಿಟ್ಟುಕೊಂಡರು. ಕಣ್ಣು ಮುಚ್ಚಿ ನಿಧಾನವಾಗಿ ತಿಂದರು. ಆಮೇಲೆ ನನ್ನ ಕಡೆ ಕೈ ಚಾಚಿ ಫೋನು ಕೇಳಿದರು. ಅಲ್ಲೀಗ ನಡುರಾತ್ರಿ, ಮಾಲಾ ಮಲಗಿರುತ್ತಾಳೆ, ಧ್ವನಿ ರೆಕಾರ್ಡ್ ಮಾಡಿ ಕಳಿಸೋಣ, ನೀವು ಹೇಳಿದ್ದನ್ನು ಇಂಗ್ಲಿಷಿನಲ್ಲಿ ನಾನು ಹೇಳುತ್ತೇನೆ ಅಂದೆ.

"ನೀನು ಸುಮ್ನಿರು ತಾಯಿ" ಅಂದರು ಅತ್ತೆ. ಫೋನನ್ನು ಬಾಯಿಯ ಹತ್ತಿರ ಹಿಡಿದು, ದೂರದೂರಿಗೆ ಕೇಳಿಸಬೇಕೆಂದು ಜೋರಾಗಿ ಹೇಳಿದರು:

"ಮಾಲಾ, ನಿಮ್ಮಮ್ಮನ ಸಿಹಿ ಇವತ್ತು ನಾನೂ ತಿಂದೆ ಕಣೇ. ತಟ್ಟೆ ಈಗ ಖಾಲಿ ಆಯ್ತು."